ಮೆಕ್ಕೆಜೋಳದ ರಾಶಿಯೂ ಘಾಟಿ ರಸ್ತೆಯೂ

ನಮಸ್ಕಾರ. ದಾವಣಗೆರೆಯಿಂದ ಮಾತಾಡುತ್ತಿದ್ದೇನೆ. ಬಯಲುಸೀಮೆಯವನಿಗೆ ಗುಡ್ಡ ಕುಸಿತದ ಉಸಾಬರಿ ಯಾಕೆ ಅಂತೀರಾ? ಧರ್ಮಸ್ಥಳಕ್ಕೆ ಹೋಗಬೇಕು, ಮಣಿಪಾಲಕ್ಕೆ ಆಸ್ಪತ್ರೆಗೆ ಹೋಗಬೇಕು, ನಮ್ಮ ಲಾರಿಗಳು ಮಂಗಳೂರಿಗೆ ಇಳಿಯಬೇಕು. ಆಗುಂಬೆಯೋ, ಚಾರ್ಮಾಡಿಯೋ, ಶಿರಾಡಿಯೋ, ಯಾವುದೋ ಒಂದು ಘಾಟಿ ದಾಟಲೇಬೇಕಲ್ವಾ?

ಒಂದು ಆಷಾಢದಲ್ಲಿ ಮನೆಮಂದಿಯೆಲ್ಲ ಧರ್ಮಸ್ಥಳಕ್ಕೆ ಹೊರಟಿದ್ದೆವು. ಚಾರ್ಮಾಡಿ ಘಾಟಿ ಇಳಿಯುವ ಮುಂಚೆ ಸಿಗುವ ಕೊಟ್ಟಿಗೆಹಾರದಲ್ಲಿ ಗಾಡಿ ನಿಲ್ಲಿಸಿದರು. ಮುಂದೆ ಮಣ್ಣು ಬಿದ್ದಿದೆ, ಜೆಸಿಬಿ ತೆಗೆಯುತ್ತಿದೆ, ಕಾಯಿರಿ ಅಂದರು. ನೀರುದೋಸೆ ತಿಂದು ಮೂರು ತಾಸು ಕಾದೆವು. ನಮ್ಮ ಮಾವ ಕಿಟಕಿಯಿಂದ ಕೈ ಹೊರಗೆ ಚಾಚಿ, "ಏನ್ ಮಳೆನಪ್ಪಾ ಇದು, ಗುಡ್ಡನೇ ಕರಗಿಸಿಬಿಡ್ತು" ಅಂದರು.

ನನಗೆ ಆ ಮಾತು ಒಪ್ಪಿಗೆಯಾಗಲಿಲ್ಲ. ಮಳೆ ಅಲ್ಲಿಗೆ ಹೊಸದಾ? ನಮ್ಮ ಚಳ್ಳಕೆರೆಯಲ್ಲಿ ವರ್ಷಕ್ಕೆ 500 ಮಿಲಿಮೀಟರ್ ಆಸುಪಾಸು ಮಳೆ. ಆಗುಂಬೆಯಲ್ಲಿ 7,000ಕ್ಕೂ ಜಾಸ್ತಿ. ಆ ಗುಡ್ಡಗಳು ಅಂಥ ಮಳೆಯಲ್ಲೇ ಇಷ್ಟು ಕಾಲ ನಿಂತಿವೆ.

ನಮ್ಮ ಎಪಿಎಂಸಿಯಲ್ಲಿ ಮೆಕ್ಕೆಜೋಳದ ರಾಶಿ ನೋಡಿದ್ದೀರಲ್ಲ? ಸುರಿಯುತ್ತಾ ಹೋದಂತೆ ರಾಶಿ ತನಗೆ ಬೇಕಾದ ಇಳಿಜಾರನ್ನು ತಾನೇ ಮಾಡಿಕೊಳ್ಳುತ್ತದೆ. ಈಗ ಬುಡದಿಂದ ಒಂದು ಪುಟ್ಟಿ ಕಾಳು ಬಾಚಿ. ತುದಿಯಿಂದಲೇ ಜರ್ ಅಂತ ಇಳಿಯುತ್ತದೆ. ಹಮಾಲಿ ಮಾಡುವವರಿಗೆ ಇದು ಚೆನ್ನಾಗಿ ಗೊತ್ತು. ರಸ್ತೆ ಅಗಲ ಮಾಡುವಾಗ ನಾವು ಗುಡ್ಡಕ್ಕೆ ಮಾಡುವುದೂ ಇದನ್ನೇ. ಬುಡ ಕಡಿದು, ಗೋಡೆಯ ಹಾಗೆ ನೆಟ್ಟಗೆ ನಿಲ್ಲಿಸಿ ಬಿಡುತ್ತೇವೆ.

ಕರಾವಳಿ ಕಡೆಯ ಎಷ್ಟೋ ಗುಡ್ಡಗಳಲ್ಲಿ ಮೇಲೆ ಜಂಬಿಟ್ಟಿಗೆ ಕಲ್ಲು, ಅದರಡಿ ಶೇಡಿ ಮಣ್ಣು, ಅಂದರೆ ಮೆತ್ತನೆಯ ಜೇಡಿಯಂಥ ಮಣ್ಣು. ಜಂಬಿಟ್ಟಿಗೆ ತೂತು ತೂತು, ನೀರನ್ನು ಕೆಳಗೆ ಬಿಡುತ್ತದೆ. ಶೇಡಿ ಮಣ್ಣು ಆ ನೀರು ಕುಡಿದು ಬೆಣ್ಣೆಯಂತಾಗುತ್ತದೆ. (ದಾವಣಗೆರೆಯವನು ಬೆಣ್ಣೆ ಬಿಟ್ಟು ಬೇರೆ ಏನು ಹೋಲಿಕೆ ಕೊಡಲಿ!) ಮುಂದೆ ಆಸರೆ ಇರುವ ತನಕ ಅದು ಹೇಗೋ ನಿಂತಿರುತ್ತದೆ. ಆ ಆಸರೆಯನ್ನೇ ಹಿಟಾಚಿ ಕಿತ್ತುಹಾಕಿದರೆ?

ಚಿತ್ರದುರ್ಗದ ಗೆಳೆಯನೊಬ್ಬ ವಾದ ಮಾಡಿದ: "ನಮ್ಮ ಕೋಟೆ ಬಂಡೆ ನೋಡು, ಈಗ ಉರುಳುತ್ತೆ ಆಗ ಉರುಳುತ್ತೆ ಅನ್ನೋ ಹಾಗಿವೆ, ಬಿದ್ದಿದಾವಾ?" ಬಿದ್ದಿಲ್ಲ ನಿಜ. ಸಂದಿಯ ಮಣ್ಣೆಲ್ಲ ತೊಳೆದುಹೋಗಿ, ಬೀಳುವುದೆಲ್ಲ ಬಿದ್ದು, ಕಲ್ಲಿನ ಮೇಲೆ ಕಲ್ಲು ಕೂತು ಎಷ್ಟು ಕಾಲವಾಯಿತೋ. ಪಾಳೇಗಾರರೂ ಜಾಣರು. ಏಳು ಸುತ್ತಿನ ಕೋಟೆ ಕಟ್ಟುವಾಗ ಬಂಡೆಗಳನ್ನೇ ಗೋಡೆಗೆ ಸೇರಿಸಿಕೊಂಡರು.

ಶಿರೂರು ನೆನಪಿದೆಯಾ? ಅಂಕೋಲಾ ತಾಲ್ಲೂಕು, ಹೆದ್ದಾರಿ 66. 2024ರ ಜುಲೈ 16ರ ಬೆಳಿಗ್ಗೆ. ಚತುಷ್ಪಥಕ್ಕೆ ಕಡಿದಿದ್ದ ಗುಡ್ಡ. ಅದರ ಬುಡದಲ್ಲೇ ಒಂದು ಟೀ ಅಂಗಡಿ. ಡ್ರೈವರ್‌ಗಳು ಲಾರಿ ನಿಲ್ಲಿಸುವ ಜಾಗ. ಗುಡ್ಡ ಇಳಿಯಿತು, ಅಂಗಡಿಯ ಸಂಸಾರವನ್ನೂ ಲಾರಿಗಳನ್ನೂ ತಳ್ಳಿಕೊಂಡು ಗಂಗಾವಳಿ ನದಿಗೆ ಬಿತ್ತು. ನದಿಯ ನೀರು ಎದ್ದು ಆಚೆ ದಡದ ಉಳುವರೆಯ ಮನೆಗಳಿಗೂ ನುಗ್ಗಿತು. ಕೇರಳದ ಡ್ರೈವರ್ ಒಬ್ಬರ ಲಾರಿ, ಅದರೊಳಗೇ ಅವರ ದೇಹ ಸಿಕ್ಕಿದ್ದು ಸೆಪ್ಟೆಂಬರ್ 25ಕ್ಕೆ. 71 ದಿನ.

ಇನ್ನೊಂದು ವಿಚಿತ್ರ ಕೇಳಿ. ಶಿರೂರು ಕುಸಿದ ಮೂರೇ ದಿನಕ್ಕೆ, ಜುಲೈ 19ರಂದು, ಕೋಲ್ಕತ್ತಾದಲ್ಲಿ ಭೂಕುಸಿತ ಮುನ್ಸೂಚನೆಯ ರಾಷ್ಟ್ರೀಯ ಕೇಂದ್ರ ಉದ್ಘಾಟನೆಯಾಯಿತು. ಭಾರತೀಯ ಭೂವೈಜ್ಞಾನಿಕ ಸರ್ವೇಕ್ಷಣಾ ಇಲಾಖೆಯದ್ದು. ಮೊದಲಿಗೆ ಮುನ್ಸೂಚನೆ ಹೊರಟಿದ್ದು ಡಾರ್ಜಿಲಿಂಗ್, ಕಾಲಿಂಪಾಂಗ್, ನೀಲಗಿರಿಗೆ. ಉತ್ತರ ಕನ್ನಡ ಆ ಪಟ್ಟಿಯಲ್ಲಿರಲಿಲ್ಲ.

ಸರಿ, ಗುಡ್ಡ ಕಡಿಯಲೇಬಾರದಾ ಅಂದರೆ, ಹಾಗಲ್ಲ. ಕಡಿಯುವ ಕ್ರಮ ಇದೆ. ಮೆಟ್ಟಿಲು ಮೆಟ್ಟಿಲಾಗಿ ಕಡಿಯಬೇಕು. ಗುಡ್ಡದ ನೆತ್ತಿಯಲ್ಲೇ ಚರಂಡಿ ತೋಡಿ ಮಳೆನೀರನ್ನು ಪಕ್ಕಕ್ಕೆ ತಿರುಗಿಸಬೇಕು. ಬಂಡೆ ಉರುಳುವ ಕಡೆ ಉಕ್ಕಿನ ಬಲೆ ಬಿಗಿಯಬೇಕು. ತಡೆಗೋಡೆ ಕಟ್ಟಿದರೆ ಸಾಲದು, ನೀರು ಹೊರಬರಲು ಅದರಲ್ಲಿ ತೂತು ಬಿಡಬೇಕು, ವರ್ಷಕ್ಕೊಮ್ಮೆ ಆ ತೂತು ಕಟ್ಟಿಕೊಂಡಿದೆಯಾ ಅಂತ ಯಾರಾದರೂ ಕಡ್ಡಿ ಹಾಕಿ ನೋಡಬೇಕು. ಹಿಂದೆ ನೀರು ತುಂಬಿದ ಗೋಡೆ ಗುಡ್ಡದ ಜೊತೆಗೇ ಬೀಳುತ್ತದೆ. ಇದಕ್ಕೆಲ್ಲ ಜಾಗ ಜಾಸ್ತಿ ಬೇಕು, ದುಡ್ಡೂ ಜಾಸ್ತಿ. ಅದಕ್ಕೇ ಗೋಡೆಯ ಹಾಗೆ ಕಡಿದು ಮುಗಿಸುತ್ತಾರೆ. ನಾವು ಅರ್ಧ ತಾಸು ಉಳಿಯಿತು ಅಂತ ಸುಮ್ನೆ ಖುಷಿಪಡುತ್ತೇವೆ.

ಘಾಟಿ ಬಂದ್ ಅಂದರೆ ನಾನು ಈಗ ಬೈಯುವುದಿಲ್ಲ. 2019ರ ಆಗಸ್ಟ್‌ನಲ್ಲಿ ಚಾರ್ಮಾಡಿ ಕುಸಿದ ಮೇಲೆ ಬಂದ್ ಮಾಡಿದರು. ನನಗೆ ಬೇಕಿರುವುದು ಕುಸಿಯುವ ಮುಂಚಿನ ಬಂದ್. ಆದರೆ ಕಾದು ನಿಂತ ದಿನದ ಖರ್ಚು ಲಾರಿ ಡ್ರೈವರ್ ತಲೆಗೆ ಬರಬಾರದು. ಟ್ರಿಪ್ ಲೆಕ್ಕದಲ್ಲಿ ದುಡಿಯುವವನಿಗೆ ಬಂದ್ ಅಂದರೆ ಸಂಬಳ ಇಲ್ಲ ಅಂತ ಅರ್ಥ. ಅವನು ಬೇರೆ ದಾರಿ ಹುಡುಕಿ ಹೋಗೇ ಹೋಗುತ್ತಾನೆ.

ಮಾವ ಈ ಸಲ ದೀಪಾವಳಿ ಕಳೆದ ಮೇಲೆ ಹೋಗೋಣ ಅಂದಿದ್ದಾರೆ. ನೀವು ಮಳೆಯಲ್ಲೇ ಹೊರಟಿದ್ದರೆ, ಟೀ ಕೊಟ್ಟಿಗೆಹಾರದಲ್ಲೇ ಕುಡಿದುಬಿಡಿ. ಕಡಿದ ಗುಡ್ಡದ ಕೆಳಗೆ ಗಾಡಿ ನಿಲ್ಲಿಸಬೇಡಿ, ಸೆಲ್ಫಿಗೂ ಬೇಡ.