ಲಿಪ್‌ಸ್ಟಿಕ್ಕಿನಿಂದ ಸೋಪಿನವರೆಗೆ: ಸ್ಯಾಲಿ ಹ್ಯೂಸ್ ಅವರ ಪತ್ರಿಕಾವೃತ್ತಿ

ಗೌರವಾನ್ವಿತ ಅಧ್ಯಾಪಕರೇ, ಪತ್ರಿಕೋದ್ಯಮ ವಿಭಾಗದ ವಿದ್ಯಾರ್ಥಿ ಮಿತ್ರರೇ,

ಪತ್ರಿಕಾ ಕಚೇರಿಯಲ್ಲಿ ರಾಜಕೀಯ, ಅಪರಾಧ, ಕ್ರೀಡಾ ವರದಿಗೆ ಸಲ್ಲುವ ಮರ್ಯಾದೆ ಸೌಂದರ್ಯದ ಅಂಕಣಕ್ಕೆ ಸಲ್ಲುವುದಿಲ್ಲ. ಅದು ಪುರವಣಿಯ ಮೂಲೆ ತುಂಬಿಸುವ ಬರಹ, ಯಾರು ಬೇಕಾದರೂ ಬರೆದಾರು ಎಂಬ ಉಪೇಕ್ಷೆ ನಮ್ಮಲ್ಲೂ ಇದೆ. ಆದರೆ ದಿನಬೆಳಗಾದರೆ ಮೈಗೆ, ಮುಖಕ್ಕೆ, ತಲೆಗೆ, ಹಲ್ಲಿಗೆ ನಾವು ಹಚ್ಚಿಕೊಳ್ಳುವ ವಸ್ತುಗಳ ಬಗ್ಗೆ, ಅವುಗಳಿಗೆ ತೆರುವ ಹಣದ ಬಗ್ಗೆ ನಿಜ ಹೇಳುವವರು ಬೇಕಲ್ಲವೇ? ಆ ಕೆಲಸವನ್ನು ಶ್ರದ್ಧೆಯಿಂದ ಮಾಡಿದವರಲ್ಲಿ ಬ್ರಿಟನ್ನಿನ ಸ್ಯಾಲಿ ಹ್ಯೂಸ್ ಒಬ್ಬರು.

ವೇಲ್ಸ್‌ನಲ್ಲಿ ಹುಟ್ಟಿ, ಹದಿಹರೆಯದಲ್ಲೇ ಲಂಡನ್ ಸೇರಿದ ಹ್ಯೂಸ್ ಮೊದಲು ಮೇಕಪ್ ಕಲಾವಿದೆಯೊಬ್ಬರಿಗೆ ಸಹಾಯಕಿಯಾಗಿದ್ದರು. ಬರವಣಿಗೆ ಕೈಹಿಡಿದದ್ದು ಆಮೇಲೆ. ಬ್ರಷ್ಷು ಹಿಡಿದು ಕಲಿತವರ ಮಾತಿಗೂ ಕಂಪನಿಯ ಪ್ರಕಟಣೆ ನೋಡಿ ಬರೆಯುವವರ ಮಾತಿಗೂ ಇರುವ ಅಂತರ ದೊಡ್ಡದು ಎಂದು ನಾನು ನಂಬಿದ್ದೇನೆ. 2011ರಲ್ಲಿ ಅವರು 'ದಿ ಗಾರ್ಡಿಯನ್' ಪತ್ರಿಕೆಯ ಸೌಂದರ್ಯ ಅಂಕಣಕಾರ್ತಿಯಾದರು. 2014ರಲ್ಲಿ ಮೊದಲ ಪುಸ್ತಕ ಬಂತು.

ಈ ವೃತ್ತಿಯ ಬಹುಪಾಲು ದುಡಿಮೆ ಕಾಯುವುದರಲ್ಲಿದೆ. ಲಿಪ್‌ಸ್ಟಿಕ್ ನಿಲ್ಲುತ್ತದೆಯೇ ಎಂಬುದು ಒಂದು ಊಟ, ಎರಡು ಕಾಫಿಯೊಳಗೆ ಗೊತ್ತಾಗುತ್ತದೆ. ವಿಟಮಿನ್ 'ಎ'ಯ ಒಂದು ರೂಪವಾದ ರೆಟಿನಾಲ್ ಇರುವ ಕ್ರೀಮಿನ ಗುಣ ತಿಳಿಯಲು ವಾರಗಟ್ಟಲೆ ಹಚ್ಚಬೇಕು. ಸನ್‌ಸ್ಕ್ರೀನ್ ಆದರೆ ಬಿಳಿಯರ ಕೆನ್ನೆಯ ಮೇಲೆ ಕಾಣದ ಲೇಪ ಕಪ್ಪು ಮೈಬಣ್ಣದವರ ಮುಖದಲ್ಲಿ ವಿಭೂತಿ ಬಳಿದಂತೆ ಬೆಳ್ಳಗೆ ನಿಂತುಬಿಡುತ್ತದೆಯೇ ಎಂದು ನೋಡಬೇಕು. ಪೆಟ್ಟಿಗೆ ತೆರೆದ ದಿನವೇ ಬರೆದ ವಿಮರ್ಶೆಯನ್ನು ನಾನು ವಿಮರ್ಶೆಯೆಂದು ಒಪ್ಪಲಾರೆ.

ಕಷ್ಟದ ಪ್ರಶ್ನೆ ಹಣದ್ದು. ಯಾವ ಕಂಪನಿಯ ಜಾಹೀರಾತಿನಿಂದ ಪತ್ರಿಕೆ ನಡೆಯುತ್ತದೆಯೋ ಅದೇ ಕಂಪನಿಯ ಕ್ರೀಮನ್ನು ಒರೆಗೆ ಹಚ್ಚಬೇಕು. ಆ ಕ್ರೀಮು ಬರುವುದೂ ಉಚಿತವಾಗಿಯೇ. ಹ್ಯೂಸ್ ಸ್ವತಃ ಮುಂದೆ ರೆವಲ್ಯೂಷನ್ ಕಂಪನಿಯ ಜೊತೆಗೂಡಿ ಕಡಿಮೆ ಬೆಲೆಯ ಚರ್ಮದ ಆರೈಕೆಯ ಸಾಮಗ್ರಿಗಳನ್ನು ಹೊರತಂದರು. ಬೆಲೆಯ ದೃಷ್ಟಿಯಿಂದ ಅದು ಅವರ ಅಂಕಣದ ನಿಲುವಿಗೆ ಹೊಂದುತ್ತದೆ, ಆದರೂ ತೂಗುವವರೇ ಮಾರುವವರೂ ಆದಾಗ ಓದುಗರಿಗೆ ಅದು ಸ್ಪಷ್ಟವಾಗಿ ತಿಳಿದಿರಲೇಬೇಕು. ನಮ್ಮಲ್ಲೂ ಭಾರತೀಯ ಜಾಹೀರಾತು ಮಾನದಂಡ ಮಂಡಳಿ 2021ರಲ್ಲಿ ತಂದ ಮಾರ್ಗಸೂಚಿಯ ಪ್ರಕಾರ, ಉಚಿತವಾಗಿ ಪಡೆದ ವಸ್ತುವನ್ನು ಪ್ರಚಾರ ಮಾಡುವವರು ಆ ನಂಟನ್ನು ಹೇಳಿಕೊಳ್ಳಬೇಕು. ಕನ್ನಡದಲ್ಲಿ ವಿಡಿಯೊ ಮಾಡುವವರಿಗೂ ಇದು ಅನ್ವಯಿಸುತ್ತದೆ.

ಅಂಕಣದಾಚೆಗೆ ಹ್ಯೂಸ್ ಹೆಸರಾಂತ ಮಹಿಳೆಯರ ಬಚ್ಚಲುಮನೆಯಲ್ಲೇ ಕುಳಿತು, ಕಪಾಟಿನಲ್ಲಿದ್ದ ಸೀಸೆಗಳನ್ನು ಒಂದೊಂದಾಗಿ ಕೈಗೆತ್ತಿಕೊಂಡು ಮಾತಾಡಿಸುವ ವಿಡಿಯೊ ಸಂದರ್ಶನಗಳನ್ನು ಮಾಡಿದರು, ಪಾಡ್‌ಕಾಸ್ಟಿಗೂ ಬಂದರು. ಪಾಡ್‌ಕಾಸ್ಟಿನಲ್ಲಿ ಬಣ್ಣ ಕಾಣುವುದಿಲ್ಲ. ಕೆಂಪು ಎಂದರೆ ಯಾವ ಕೆಂಪು, ಕುಂಕುಮದ್ದೋ, ದಾಳಿಂಬೆ ಕಾಳಿನದೋ, ಒಣಮೆಣಸಿನಕಾಯಿಯದೋ ಎಂಬುದನ್ನು ಮಾತೇ ತೋರಿಸಬೇಕು. ಅದಕ್ಕೆ ಪ್ರತಿಯಾಗಿ ಅಲ್ಲಿ ಬಿಡುವು ಸಿಗುತ್ತದೆ: ಸೀಸೆಯ ಮಾತಿನಿಂದ ಹೊರಟ ಹೆಂಗಸರು ತಾಯಿಯ ಪೌಡರು ಡಬ್ಬಿಗೆ, ಬಾಣಂತನಕ್ಕೆ, ಕಾಯಿಲೆಯಲ್ಲಿ ಉದುರಿದ ಕೂದಲಿಗೆ ಬರುವಷ್ಟು ಬಿಡುವು. ಅಂಕಣದ ನಾಲ್ಕು ನೂರು ಪದಗಳಲ್ಲಿ ಅದಕ್ಕೆ ಎಡೆಯಿಲ್ಲ.

ಅವರ ವೃತ್ತಿಯಲ್ಲಿ ನನಗೆ ಎಲ್ಲಕ್ಕಿಂತ ಮುಖ್ಯವಾಗಿ ಕಾಣುವುದು 2018ರಲ್ಲಿ ಸೌಂದರ್ಯವರ್ಧಕಗಳ ಪ್ರಚಾರ ಕ್ಷೇತ್ರದ ಜೋ ಜೋನ್ಸ್ ಅವರೊಡನೆ ಆರಂಭಿಸಿದ 'ಬ್ಯೂಟಿ ಬ್ಯಾಂಕ್ಸ್'. ಹಸಿದವರಿಗೆ ದಿನಸಿ ಕೊಡುವ ಆಹಾರ ಬ್ಯಾಂಕುಗಳು ಬ್ರಿಟನ್ನಿನಲ್ಲಿವೆ. ಅದೇ ಬಗೆಯಲ್ಲಿ ಸೋಪು, ಶಾಂಪೂ, ಟೂತ್‌ಪೇಸ್ಟ್, ಸ್ಯಾನಿಟರಿ ಪ್ಯಾಡುಗಳನ್ನು ಸಂಗ್ರಹಿಸಿ ಕೊಳ್ಳಲಾಗದವರಿಗೆ ತಲುಪಿಸುವ ಸಂಸ್ಥೆ ಇದು. ಬಾಡಿಗೆ ಕಟ್ಟಿ, ಮಕ್ಕಳ ಊಟ ನೋಡಿಕೊಂಡ ಮೇಲೆ ಟೂತ್‌ಪೇಸ್ಟಿಗೆ ಕಾಸು ಉಳಿಯದ ಮನೆಯವರು ಅದನ್ನು ಯಾರಲ್ಲೂ ಬಾಯಿಬಿಟ್ಟು ಹೇಳಿಕೊಳ್ಳುವುದಿಲ್ಲ. ಕೆಲಸದ ಸಂದರ್ಶನಕ್ಕೆ ತಲೆ ತೊಳೆಯದೆ ಹೋಗಬೇಕಾದವರ ಸಂಕೋಚವನ್ನು ಸೌಂದರ್ಯದ ಪುಟದವರಲ್ಲದೆ ಇನ್ಯಾವ ಪುಟದವರು ಗುರುತಿಸಬೇಕಿತ್ತು?

ಪ್ಯಾಡುಗಳ ಮೇಲಿನ ತೆರಿಗೆಯನ್ನು ಬ್ರಿಟನ್ 2021ರ ಜನವರಿ 1ರಂದು ತೆಗೆದುಹಾಕಿತು. ಭಾರತ 2018ರ ಜುಲೈನಲ್ಲೇ ತೆಗೆದಿತ್ತು. ಸೋಪು, ಟೂತ್‌ಪೇಸ್ಟುಗಳಿಗೆ ಮಾತ್ರ ಬ್ರಿಟನ್ನಿನಲ್ಲಿ ಲಿಪ್‌ಸ್ಟಿಕ್ಕಿಗೆ ಇರುವಷ್ಟೇ ಮೌಲ್ಯವರ್ಧಿತ ತೆರಿಗೆ ಇದೆ, ಶೇ 20.