ಟೈಡ್‌ವಾಟರ್ ಗೋಬಿ: ಮೀನು ಹುಡುಕೋ ಮೊದಲು ಮರಳ ದಿಬ್ಬ ನೋಡಿ

[ದೃಶ್ಯ: ಅಂಗೈ ಅಗಲದ ಗಾಜಿನ ಪೆಟ್ಟಿಗೆ, ಒಳಗೆ ಕಿರುಬೆರಳಿಗಿಂತ ಸಣ್ಣ ಮೀನು]

ಇದು ಗೋಬಿ. ಮಂಚೂರಿ ನೆನಪಾಯ್ತಾ? ತಪ್ಪು ನಿಮ್ಮದಲ್ಲ. ಆದರೆ ಇದು ಹೂಕೋಸಲ್ಲ, ಮೀನು. ಪೂರ್ತಿ ಹೆಸರು ಟೈಡ್‌ವಾಟರ್ ಗೋಬಿ. ಕ್ಯಾಲಿಫೋರ್ನಿಯಾ ಕರಾವಳಿ ಬಿಟ್ಟರೆ ಪ್ರಪಂಚದಲ್ಲಿ ಬೇರೆಲ್ಲೂ ಇಲ್ಲ. ಹೆಚ್ಚೆಂದರೆ 5 ಸೆಂ.ಮೀ. ಉದ್ದ, ಆಯುಸ್ಸು ಸುಮಾರು ಒಂದೇ ವರ್ಷ.

ಹೆಸರಲ್ಲೇ ಉಬ್ಬರದ ನೀರಿದೆ. ಅದನ್ನು ನಂಬಿಕೊಂಡು ದಿನಾ ಉಬ್ಬರವಿಳಿತ ನುಗ್ಗುವ ದೊಡ್ಡ ಕೊಲ್ಲಿಗಳಲ್ಲಿ ಹುಡುಕಿದರೆ ಬರಿಗೈಲಿ ಬರ್ತೀರಿ. ಇದಕ್ಕೆ ಬೇಕಿರೋದು ಬಾಗಿಲು ಮುಚ್ಚಿದ ಅಳಿವೆ, ಅಂದರೆ ಹೊಳೆ ಕಡಲು ಸೇರೋ ಜಾಗ.

[ದೃಶ್ಯ: ಡ್ರೋನ್‌ನಿಂದ. ಸಣ್ಣ ಹೊಳೆ, ಅದರ ಬಾಯಿಗೆ ಅಡ್ಡ ಮರಳ ದಿಬ್ಬ, ಆಚೆ ಸಮುದ್ರ]

ನಮ್ಮ ಕರಾವಳಿಯವರಿಗೆ ಅಳಿವೆ ಹೊಸದಲ್ಲ. ಅಲ್ಲಿ ಮಳೆಯ ಲೆಕ್ಕ ಮಾತ್ರ ಬೇರೆ. ಮಳೆಗಾಲ ಅಂದರೆ ಚಳಿಗಾಲವೇ. ಆಗ ಹೊಳೆ ಉಕ್ಕಿ ದಿಬ್ಬ ಒಡೆಯುತ್ತೆ. ಬೇಸಿಗೆಯಲ್ಲಿ ಹರಿವು ಸೊರಗಿದಾಗ ಅಲೆಗಳು ಮರಳು ತಂದು ಬಾಯಿ ಮುಚ್ಚುತ್ತವೆ. ಒಳಗೆ ನಿಂತ ನೀರಿನ ಆಳ ಹೆಚ್ಚಿನ ಕಡೆ ಒಂದು ಮೀಟರ್ ಒಳಗೆ, ಉಪ್ಪಿನಂಶ ಸಾಮಾನ್ಯವಾಗಿ ಲೀಟರಿಗೆ 12 ಗ್ರಾಮಿಗಿಂತ ಕಡಿಮೆ. ಸಮುದ್ರದ ನೀರಲ್ಲಿ ಸುಮಾರು 35 ಇರುತ್ತೆ. ಅಷ್ಟು ಉಪ್ಪನ್ನೂ ಈ ಮೀನು ತಡೆದುಕೊಳ್ಳುತ್ತೆ, ಆದರೆ ಬಯಸೋದಿಲ್ಲ.

ನಿಂತ ನೀರೇ ಯಾಕೆ? ಗಂಡು ಮೀನು ಮರಳಲ್ಲಿ 10ರಿಂದ 20 ಸೆಂ.ಮೀ. ಆಳದ ನೆಟ್ಟನೆಯ ಬಿಲ ತೋಡುತ್ತೆ. ಹೆಣ್ಣು ಅದರ ಗೋಡೆಗೆ ಕೆಲವು ನೂರು ಮೊಟ್ಟೆ ಅಂಟಿಸಿ ಹೋಗುತ್ತೆ. ಮರಿ ಆಗೋವರೆಗೆ, 9ರಿಂದ 11 ದಿನ, ಕಾವಲು ಅಪ್ಪನದೇ. ಬಿಲ ಇರುವ ಗಂಡಿಗಾಗಿ ಹೊಡೆದಾಡೋದು ಹೆಣ್ಣುಗಳು! ಆ ಹೊತ್ತಿಗೆ ಹೆಣ್ಣಿನ ಮೈ ಕಪ್ಪಾಗಿರುತ್ತೆ. ಈ ಬಿಲದ ಮೇಲೆ ಜೋರು ಹರಿವು ಬಂದರೆ ಮರಳು ಕುಸಿಯಿತು, ಸಂಸಾರ ಮುಗಿಯಿತು.

ಬೇಸಿಗೆಯಲ್ಲಿ ಜನ ದಿಬ್ಬ ಕಡಿದಾಗ ಆಗೋದೂ ಇದೇ. ಪಕ್ಕದ ರಸ್ತೆಗೋ ಹೊಲಕ್ಕೋ ನೀರು ಬಂತು ಅಂತ ಒಂದು ಕಾಲುವೆ ತೋಡಿದರೆ ಸಾಕು, ಕೆಲವೇ ಗಂಟೆಗಳಲ್ಲಿ ನೀರಿಳಿದು ಬಿಲಗಳು ಒಣಗುತ್ತವೆ, ಮೀನು ಕಡಲಿಗೆ ಕೊಚ್ಚಿಹೋಗುತ್ತೆ. ಚಳಿಗಾಲದಲ್ಲಿ ತಾನಾಗೇ ಒಡೆಯೋದಕ್ಕೂ ಇದಕ್ಕೂ ಅಜಗಜಾಂತರ.

[ದೃಶ್ಯ: ಕ್ಯಾಲಿಫೋರ್ನಿಯಾ ನಕ್ಷೆ]

ವ್ಯಾಪ್ತಿ ಬೇಗ ಹೇಳಿಬಿಡ್ತೀನಿ. ಉತ್ತರದಲ್ಲಿ ಆರೆಗನ್ ಗಡಿ ಹತ್ತಿರದ ಸ್ಮಿತ್ ನದಿಯ ಬಾಯಿಂದ ದಕ್ಷಿಣಕ್ಕೆ ಸ್ಯಾನ್ ಡಿಯಾಗೊ ಜಿಲ್ಲೆವರೆಗೆ, ಆದರೆ ಸಾಲಾಗಿ ಅಲ್ಲ. ಬಿಗ್ ಸರ್‌ನಂಥ ಕಡಿದಾದ ದಂಡೆಯಲ್ಲಿ ಇಂಥ ಅಳಿವೆ ಕಟ್ಟೋದೇ ಇಲ್ಲ, ಹಾಗಾಗಿ ಮೀನೂ ಇಲ್ಲ. ಸ್ಯಾನ್ ಫ್ರಾನ್ಸಿಸ್ಕೊ ಕೊಲ್ಲಿಯಲ್ಲಿ ಇತ್ತು, ಈಗಿಲ್ಲ. ಲಾಸ್ ಏಂಜಲಿಸ್‌ನಿಂದ ದಕ್ಷಿಣದ ಮೀನನ್ನು 2016ರಲ್ಲಿ ಯೂಸೈಕ್ಲೋಗೋಬಿಯಸ್ ಕ್ರಿಸ್ಟಿನೇ ಅಂತ ಬೇರೆ ಪ್ರಭೇದ ಮಾಡಿದರು. ಕಣ್ಣಂದಾಜಲ್ಲಿ ಎರಡನ್ನೂ ಬೇರೆ ಮಾಡೋದು ಕಷ್ಟ, ಎಲ್ಲಿ ಸಿಕ್ಕಿತು ಅನ್ನೋದೇ ಮೊದಲ ಸುಳಿವು.

[ದೃಶ್ಯ: ಮೀನು ಹತ್ತಿರದಿಂದ, ಮೊದಲು ಹೊಟ್ಟೆ, ಆಮೇಲೆ ಬೆನ್ನು]

ಗುರುತು ಹಿಡಿಯೋದು ಹೊಟ್ಟೆಯಿಂದ ಶುರು. ಕೆಳಗಿನ ಎರಡು ಈಜುರೆಕ್ಕೆ ಕೂಡಿಕೊಂಡು ಒಂದು ಬಟ್ಟಲಿನ ಹಾಗಿದೆಯಾ? ಗೋಬಿ ಗುಂಪಿನ ಮೀನು. ಬೇರೆ ಬೇರೆಯಾಗಿದ್ದು, ತಲೆ ಚಪ್ಪಟೆ, ಕೆನ್ನೆಯಲ್ಲಿ ಮುಳ್ಳಿದ್ದರೆ ಅದು ಸ್ಕಲ್ಪಿನ್ ಅನ್ನೋ ಬೇರೆ ಮೀನಿನ ಮರಿ. ಅದೇ ನೀರಲ್ಲಿ, ಅದೇ ಬಣ್ಣದಲ್ಲಿ ಇರುತ್ತೆ, ತುಂಬಾ ಜನ ಎಡವೋದು ಇಲ್ಲೇ.

ಈಗ ಬೆನ್ನು. ಎರಡು ಈಜುರೆಕ್ಕೆ, ಮೊದಲನೆಯದರಲ್ಲಿ 6 ಅಥವಾ 7 ಮೆದು ಮುಳ್ಳು. ಆ ಮೊದಲ ರೆಕ್ಕೆಯ ಮೇಲಿನ ಅಂಚು ನೋಡಿ. ಕೆಳಗೆಲ್ಲ ಮಬ್ಬು, ತುದಿ ಮಾತ್ರ ತಿಳಿ ಕೆನೆ ಬಣ್ಣ, ಗಾಜಿನ ಹಾಗೆ. ಎಷ್ಟೋ ಸಲ ಇದೊಂದೇ ಸಾಕು. ಆದರೆ ರೆಕ್ಕೆ ಮಡಚಿದಾಗ ಕಾಣೋದಿಲ್ಲ. ರಾಸಾಯನಿಕದಲ್ಲಿಟ್ಟ ಮಾದರಿಯಲ್ಲಿ ಬಣ್ಣವನ್ನೇ ನಂಬಬೇಡಿ.

ಆಗ ಬಾಯಿ, ಅಂತರ ನೋಡಿ. ಇದರ ಮೇಲ್ದವಡೆ ಕಣ್ಣಿನ ಹಿಂದಿನ ಅಂಚಿನ ಹತ್ತಿರಕ್ಕೆ ಮುಗಿಯುತ್ತೆ. ಕಣ್ಣು ದಾಟಿ ಹಿಂದೆ ಹೋಗಿ, ಬೆನ್ನಿನ ಎರಡು ರೆಕ್ಕೆಗಳ ಮಧ್ಯೆ ಅಗಲ ಸಂದಿದ್ದರೆ ಆ್ಯರೋ ಗೋಬಿ. ದವಡೆ ಕಿವಿರಿನವರೆಗೂ ಹರಿದಂತಿದ್ದರೆ ಬೆಳೆದ ಲಾಂಗ್‌ಜಾ ಮಡ್‌ಸಕ್ಕರ್, ಅದೂ ಒಂದು ಗೋಬಿಯೇ. ಮೊದಲ ರೆಕ್ಕೆಯಲ್ಲಿ 8 ಮುಳ್ಳು ಎಣಿಸಿದರೆ ಯೆಲ್ಲೋಫಿನ್ ಗೋಬಿ ಇರಬಹುದು. ಏಷ್ಯಾದಿಂದ ಬಂದ ಈ ಅತಿಥಿ ಸ್ಥಳೀಯ ಗೋಬಿಗಳನ್ನೇ ತಿನ್ನುತ್ತೆ.

ಒಂದು ಎಚ್ಚರಿಕೆ. ಅಮೆರಿಕದ ಕಾನೂನಲ್ಲಿ ಇದು 1994ರಿಂದ ಅಳಿವಿನಂಚಿನ ಪ್ರಭೇದ. ಅನುಮತಿ ಇಲ್ಲದೆ ಬಲೆ ಹಾಕೋ ಹಾಗಿಲ್ಲ, ಹಿಡಿಯೋ ಹಾಗಿಲ್ಲ. ಬೇ ಏರಿಯಾದಲ್ಲಿರುವ ಕನ್ನಡಿಗರು ಗೋಲ್ಡನ್ ಗೇಟ್ ಸೇತುವೆ ದಾಟಿ ರೋಡಿಯೊ ಲಗೂನ್ ದಡಕ್ಕೆ ಹೋಗಬಹುದು. ಗಾಳಿಯಿಲ್ಲದ ಬೆಳಿಗ್ಗೆ, ಪೋಲರೈಸ್ಡ್ ಕನ್ನಡಕ ಹಾಕಿ, ನೀರಿಗಿಳಿಯದೆ ನಿಲ್ಲಿ. ಮರಳ ಮೇಲೆ ಮೊದಲು ಕಾಣೋದು ಮೀನಲ್ಲ, ಅದರ ನೆರಳು. ಚಿಮ್ಮಿ ಓಡುತ್ತೆ, ಗಕ್ಕನೆ ನಿಲ್ಲುತ್ತೆ. ನಿಂತಾಗ ಬೆನ್ನಿನ ರೆಕ್ಕೆ ಎತ್ತಿದರೆ ತುದಿ ನೋಡಿ.