ಪ್ಲಾಯಾ: ಹೆಸರು ಒಂದೇ, ನೆಲ ಬೇರೆ ಬೇರೆ

ಕೇಳುಗರಿಗೆ ನಮಸ್ಕಾರ.

ಸ್ಪ್ಯಾನಿಷ್ ಭಾಷೆಯಲ್ಲಿ ‘ಪ್ಲಾಯಾ’ ಎಂದರೆ ಕಡಲ ದಂಡೆ. ಅಲೆ ಬಡಿಯುವ, ಮರಳು ಹಾಸಿದ ತೀರ. ಕ್ಯೂಬಾದ ಪ್ಲಾಯಾ ಹಿರೋನ್, ಮೆಕ್ಸಿಕೊದ ಪ್ಲಾಯಾ ದೆಲ್ ಕಾರ್ಮೆನ್ ಎರಡೂ ಸಮುದ್ರಕ್ಕೆ ಅಂಟಿಕೊಂಡ ಜಾಗಗಳು. ಇದೇ ಪದ ಇಂಗ್ಲಿಷಿಗೆ ಹೋದ ಮೇಲೆ ಸಮುದ್ರದ ಸುಳಿವೇ ಇಲ್ಲದ ಮರುಭೂಮಿಯ ನೆಲಕ್ಕೆ ಹೆಸರಾಯಿತು. ಟೆಕ್ಸಾಸಿನ ಹುಲ್ಲುಬಯಲಿನಲ್ಲಿ ಮಳೆ ಬಂದಾಗ ಮಾತ್ರ ತುಂಬುವ ದುಂಡನೆಯ ಹೊಂಡಗಳಿಗೂ ಅದೇ ಹೆಸರು ಬಿತ್ತು. ಅರ್ಜೆಂಟೀನಾದಲ್ಲಂತೂ ಕಾರು ನಿಲ್ಲಿಸುವ ಬಯಲು ‘ಪ್ಲಾಯಾ ದೆ ಎಸ್ತಸಿಯೊನಮಿಯೆಂತೊ’. ರೈಲು ಡಬ್ಬಿಗಳನ್ನು ಜೋಡಿಸಿ ಬಿಡಿಸುವ ಯಾರ್ಡ್ ಕೂಡ ಒಂದು ಪ್ಲಾಯಾ.

ತೆರೆದ, ಮಟ್ಟಸವಾದ ನೆಲ ಎಂಬ ಒಂದು ಎಳೆ ಇವೆಲ್ಲದರಲ್ಲಿದೆ. ಆದರೆ ಆ ಎಳೆಯನ್ನೇ ನಂಬಿ ಕಾಲಿಟ್ಟರೆ ಮೋಸ ಹೋಗುತ್ತೇವೆ. ಮರುಭೂಮಿಯ ಪ್ಲಾಯಾಕ್ಕೂ ಟೆಕ್ಸಾಸಿನ ಪ್ಲಾಯಾಕ್ಕೂ ನೀರಿನ ನಡೆಯೇ ಬೇರೆ. ಒಂದರಲ್ಲಿ ಬಂದ ನೀರು ಆವಿಯಾಗಿ ಉಪ್ಪನ್ನು ಬಿಟ್ಟು ಹೋಗುತ್ತದೆ, ಇನ್ನೊಂದರಲ್ಲಿ ನೆಲದೊಳಕ್ಕೆ ಇಳಿದು ಬಾವಿಗಳಿಗೆ ಒದಗುತ್ತದೆ. ಈ ವ್ಯತ್ಯಾಸ ಮರೆತದ್ದರಿಂದ ಆದ ಹಾನಿ ದೊಡ್ಡದು.

ಅಮೆರಿಕದ ನೈಋತ್ಯ ಭಾಗದ ಬಹುಪಾಲು 1848ರವರೆಗೆ ಮೆಕ್ಸಿಕೊಗೆ ಸೇರಿತ್ತು. ಆ ನೆಲ ಕೈಬದಲಾದ ಮೇಲೆ ಅಳತೆಗೆ ಬಂದವರು, ದಾರಿ ಹುಡುಕಿದವರು ಅಲ್ಲಿದ್ದ ಹೆಸರುಗಳನ್ನೇ ಬರೆದುಕೊಂಡರು. ಮೆಸಾ, ಅರೊಯೊ, ಕ್ಯಾನಿಯನ್, ಸಿಯೆರಾ ಎಲ್ಲವೂ ಸ್ಪ್ಯಾನಿಷ್ ಮೂಲದವು. ಪ್ಲಾಯಾ 19ನೇ ಶತಮಾನದ ನಡುವಿನ ಹೊತ್ತಿಗೆ ಇಂಗ್ಲಿಷಿನಲ್ಲಿ ಬಳಕೆಗೆ ಬಂತು, ನಂತರ ಭೂವಿಜ್ಞಾನದ ಪಾರಿಭಾಷಿಕ ಪದವಾಯಿತು. ಸ್ಪ್ಯಾನಿಷ್ ಆಡುವ ದಕ್ಷಿಣ ಅಮೆರಿಕದಲ್ಲಿ ಮಾತ್ರ ಅಂಥ ನೆಲಕ್ಕೆ ಬೇರೆಯೇ ಹೆಸರುಗಳಿವೆ. ಉಪ್ಪು ಹೆಪ್ಪುಗಟ್ಟಿದ್ದರೆ ‘ಸಲಾರ್’. ಬೊಲಿವಿಯಾದಲ್ಲಿ 10,000 ಚದರ ಕಿಲೋಮೀಟರಿಗೂ ಹೆಚ್ಚು ಹರಡಿರುವ ಸಲಾರ್ ದೆ ಉಯುನಿ ಅಂಥದ್ದು. ಬರೀ ಕೆಸರು ಒಣಗಿದ ತಳವಾದರೆ ಅರ್ಜೆಂಟೀನಾದವರು ‘ಬರೆಯಾಲ್’ ಎನ್ನುತ್ತಾರೆ. ನಮ್ಮ ದೇಶದ ಭೂವಿಜ್ಞಾನಿಗಳು ಇಂಗ್ಲಿಷಿನ ಅರ್ಥವನ್ನೇ ತೆಗೆದುಕೊಂಡು ರಾಜಸ್ಥಾನದ ಸಾಂಭರ್, ಡೀಡವಾನಾ ಸರೋವರಗಳನ್ನು ಪ್ಲಾಯಾ ಎಂದೇ ಬರೆಯುತ್ತಾರೆ.

ಮರುಭೂಮಿಯ ಪ್ಲಾಯಾ ಹುಟ್ಟಬೇಕಾದರೆ ಸುತ್ತ ಬೆಟ್ಟ, ನಡುವೆ ತಗ್ಗು ಇರಬೇಕು, ನೀರಿಗೆ ಹೊರದಾರಿ ಇರಬಾರದು. ಮಳೆ ಬಿದ್ದಾಗ ಬೆಟ್ಟದ ನೀರು ಕಲ್ಲು, ಮರಳು, ಮಣ್ಣನ್ನು ಹೊತ್ತು ಇಳಿಯುತ್ತದೆ. ದಪ್ಪ ಕಲ್ಲು ಬೆಟ್ಟದ ಬುಡದಲ್ಲೇ ನಿಲ್ಲುತ್ತದೆ, ಮರಳು ಸ್ವಲ್ಪ ಮುಂದಕ್ಕೆ ಹೋಗುತ್ತದೆ. ಅತಿ ನುಣುಪಾದ ಜೇಡಿ ಮಾತ್ರ ನಡುವಿನವರೆಗೆ ತೇಲಿ ಬಂದು ತಳಕ್ಕೆ ಕೂರುತ್ತದೆ. ನೀರು ಆವಿಯಾಗುತ್ತದೆ, ಜೇಡಿ ಮತ್ತು ಉಪ್ಪು ಉಳಿಯುತ್ತವೆ. ಸಾವಿರಾರು ವರ್ಷ ಹೀಗೇ ನಡೆದರೆ ನೆಲ ನಂಬಲಾಗದಷ್ಟು ಮಟ್ಟಸವಾಗುತ್ತದೆ. ಕ್ಯಾಲಿಫೋರ್ನಿಯಾದ ಡೆತ್ ವ್ಯಾಲಿಯ ರೇಸ್‌ಟ್ರ್ಯಾಕ್ ಪ್ಲಾಯಾ ಸುಮಾರು 4.5 ಕಿಲೋಮೀಟರ್ ಉದ್ದವಿದೆ. ಅದರ ಉತ್ತರದ ತುದಿ ದಕ್ಷಿಣದ ತುದಿಗಿಂತ ಎತ್ತರವಿರುವುದು ಬರೀ 4 ಸೆಂಟಿಮೀಟರಿನಷ್ಟು.

ಇಷ್ಟು ಮಟ್ಟಸವಾದ ನೆಲದಲ್ಲೇ ಒಂದು ದೊಡ್ಡ ಒಗಟಿತ್ತು. ರೇಸ್‌ಟ್ರ್ಯಾಕಿನಲ್ಲಿ ಬೆಟ್ಟದಿಂದ ಉರುಳಿ ಬಿದ್ದ ಕಲ್ಲುಗಳು ತಾವೇ ಸರಿದಂತೆ ಹಿಂದೆ ಉದ್ದನೆಯ ಜಾಡು ಬಿಟ್ಟಿರುತ್ತವೆ. ಕೆಲವು ಕಲ್ಲುಗಳನ್ನು ಇಬ್ಬರು ಸೇರಿದರೂ ಎತ್ತಲಾಗದು. ಬಿರುಗಾಳಿ ಎಂದರು, ದಪ್ಪ ಮಂಜುಗಡ್ಡೆ ಕಲ್ಲನ್ನೇ ಎತ್ತಿ ತೇಲಿಸುತ್ತದೆ ಎಂದರು. 2013ರ ಡಿಸೆಂಬರಿನಲ್ಲಿ ಸಂಶೋಧಕರಾದ ರಿಚರ್ಡ್ ನಾರಿಸ್ ಮತ್ತು ಜೇಮ್ಸ್ ನಾರಿಸ್ ಕಲ್ಲು ಸರಿಯುವುದನ್ನು ಕಣ್ಣಾರೆ ಕಂಡರು. ಅದಕ್ಕೆ ಮೊದಲೇ ಅವರ ತಂಡ ಜಿಪಿಎಸ್ ಅಳವಡಿಸಿದ ಕಲ್ಲುಗಳನ್ನು ಅಲ್ಲಿ ಇಟ್ಟಿತ್ತು. 2014ರಲ್ಲಿ ಪ್ರಕಟವಾದ ಅವರ ವಿವರಣೆ ಹೀಗಿದೆ. ಮಳೆ, ಹಿಮದಿಂದ ತಗ್ಗಿನ ದಕ್ಷಿಣ ತುದಿಯಲ್ಲಿ ಕೆಲವು ಸೆಂಟಿಮೀಟರ್ ನೀರು ನಿಲ್ಲಬೇಕು. ರಾತ್ರಿಯ ಚಳಿಗೆ ಅದರ ಮೇಲೆ 3ರಿಂದ 6 ಮಿಲಿಮೀಟರ್ ದಪ್ಪದ, ಕಿಟಕಿಯ ಗಾಜಿನಂಥ ಮಂಜುಗಡ್ಡೆ ಕಟ್ಟಬೇಕು. ಬಿಸಿಲೇರಿದಾಗ ಆ ಗಡ್ಡೆ ಹತ್ತಾರು ಮೀಟರ್ ಅಗಲದ ಹಾಳೆಗಳಾಗಿ ಒಡೆಯುತ್ತದೆ. ಸೆಕೆಂಡಿಗೆ ನಾಲ್ಕೈದು ಮೀಟರ್ ವೇಗದ ಸಾಧಾರಣ ಗಾಳಿ ಸಾಕು. ಹಾಳೆಗಳು ತೇಲುತ್ತಾ ಕಲ್ಲಿಗೆ ಒತ್ತಿ, ನೆನೆದ ಕೆಸರಿನ ಮೇಲೆ ಅದನ್ನು ನೂಕುತ್ತವೆ. ಕಲ್ಲು ನಿಮಿಷಕ್ಕೆ 2ರಿಂದ 5 ಮೀಟರ್ ಸರಿಯುತ್ತದೆ. ದೂರದಲ್ಲಿ ನಿಂತವರಿಗೆ ಅದು ಸರಿಯುತ್ತಿದೆ ಎಂದೇ ತಿಳಿಯುವುದಿಲ್ಲ. ನೀರು, ಮಂಜುಗಡ್ಡೆ, ಬಿಸಿಲು, ಗಾಳಿ ನಾಲ್ಕೂ ಒಂದೇ ದಿನ ಕೂಡಿಬರಬೇಕು, ಆದ್ದರಿಂದಲೇ ಈ ಚಲನೆ ಇಷ್ಟು ಅಪರೂಪ.

ಇದೇ ಮಟ್ಟಸ ನೆಲವನ್ನು ಮನುಷ್ಯ ಓಡುದಾರಿಯಾಗಿಯೂ ಬಳಸಿದ್ದಾನೆ. 1981ರ ಏಪ್ರಿಲ್ 14ರಂದು ಮೊದಲ ಬಾಹ್ಯಾಕಾಶ ಯಾನ ಮುಗಿಸಿದ ಕೊಲಂಬಿಯಾ ಷಟಲ್ ಇಳಿದದ್ದು ಕ್ಯಾಲಿಫೋರ್ನಿಯಾದ ರಾಜರ್ಸ್ ಒಣಸರೋವರದ ಮೇಲೆ. ಅಲ್ಲಿ ನೆಲದ ಮೇಲೆ ಬರೀ ಗುರುತಿನ ಗೆರೆ ಎಳೆದು ಮಾಡಿದ ಒಂದು ಓಡುದಾರಿ ಸುಮಾರು 12 ಕಿಲೋಮೀಟರ್ ಉದ್ದವಿದೆ. ಚಳಿಗಾಲದಲ್ಲಿ ತೆಳುವಾಗಿ ನಿಂತ ನೀರನ್ನು ಗಾಳಿ ಅತ್ತಿತ್ತ ತಳ್ಳುತ್ತದೆ. ನೀರಿನ ಜೊತೆ ಹೋಗುವ ನುಣುಪು ಜೇಡಿ ಬಿರುಕುಗಳನ್ನು ತುಂಬಿ ನೆಲವನ್ನು ಮತ್ತೆ ಸಪಾಟು ಮಾಡುತ್ತದೆ. ನೆವಾಡಾದ ಬ್ಲ್ಯಾಕ್ ರಾಕ್ ಮರುಭೂಮಿಯ ಪ್ಲಾಯಾದಲ್ಲಿ 1997ರ ಅಕ್ಟೋಬರ್ 15ರಂದು ಆಂಡಿ ಗ್ರೀನ್ ಓಡಿಸಿದ ಥ್ರಸ್ಟ್ ಎಸ್‌ಎಸ್‌ಸಿ ಕಾರು ಗಂಟೆಗೆ 1,228 ಕಿಲೋಮೀಟರ್ ಮುಟ್ಟಿ ಶಬ್ದದ ವೇಗವನ್ನು ದಾಟಿತು.

ಅದೇ ಬ್ಲ್ಯಾಕ್ ರಾಕಿನಲ್ಲಿ ಪ್ರತಿ ವರ್ಷ ಬೇಸಿಗೆಯ ಕೊನೆಗೆ ನಡೆಯುವ ಬರ್ನಿಂಗ್ ಮ್ಯಾನ್ ಉತ್ಸವದವರಿಗೆ ‘ಪ್ಲಾಯಾ’ ಎಂದರೆ ಆ ಒಂದು ಜಾಗ ಮಾತ್ರ. 2023ರ ಸೆಪ್ಟೆಂಬರ್ ಮೊದಲ ವಾರ ಅಲ್ಲಿ ಮಳೆ ಸುರಿದು ಸುಮಾರು 70,000 ಜನ ಸಿಕ್ಕಿಬಿದ್ದರು. ಮಳೆ ಅಂಥಾ ದೊಡ್ಡದೇನಲ್ಲ. ಆದರೆ ಸೋಡಿಯಂ ಹೆಚ್ಚಿರುವ ಈ ನುಣುಪು ಜೇಡಿ ನೆನೆದೊಡನೆ ಅಂಟಾಗುತ್ತದೆ. ಬೂಟಿನ ಅಡಿಗೆ ಒಂದೊಂದು ಹೆಜ್ಜೆಗೂ ಇನ್ನೊಂದು ಪದರ ಹತ್ತುತ್ತದೆ, ಚಕ್ರ ಮತ್ತು ಮಡ್‌ಗಾರ್ಡಿನ ನಡುವಿನ ಸಂದು ಮುಚ್ಚಿ ಗಾಡಿ ನಿಂತೇ ಬಿಡುತ್ತದೆ. ಒಣಗಿದಾಗ ಇನ್ನೊಂದು ತೊಂದರೆ: ಆ ಧೂಳು ಕ್ಷಾರ. ಬರಿಗಾಲಲ್ಲಿ ಓಡಾಡಿದರೆ ಚರ್ಮ ಒಣಗಿ ಸೀಳು ಬಿಡುತ್ತದೆ. ಅದಕ್ಕೆ ಅಲ್ಲಿನವರು ಮಾಡುವುದು ಸರಿಯಾದದ್ದೇ: ಸ್ವಲ್ಪ ವಿನೆಗರ್ ಅಥವಾ ನಿಂಬೆರಸ ಬೆರೆಸಿದ ನೀರಿನಲ್ಲಿ ಕಾಲು ತೊಳೆದು, ಒರೆಸಿ, ಜಿಡ್ಡು ಹಚ್ಚಿ ಕಾಲುಚೀಲ ಹಾಕಿಕೊಳ್ಳುವುದು.

ಕ್ಯಾಲಿಫೋರ್ನಿಯಾ, ನೆವಾಡಾ ಕಡೆ ನೆಲೆಸಿರುವ ಕನ್ನಡಿಗರು ರಜೆಯಲ್ಲಿ ಇಂಥ ಕಡೆ ಗಾಡಿ ತೆಗೆದುಕೊಂಡು ಹೋಗುವುದುಂಟು. ಅವರಿಗಾಗಿ ಒಂದಿಷ್ಟು ವಿವರ. ಮೊದಲನೆಯದಾಗಿ, ಎಲ್ಲ ಪ್ಲಾಯಾದ ಮೇಲೂ ಗಾಡಿ ಬಿಡುವಂತಿಲ್ಲ. ರೇಸ್‌ಟ್ರ್ಯಾಕಿನ ಮೇಲೆ ಪೂರ್ತಿ ನಿಷೇಧ. ನೆಲ ಒದ್ದೆಯಿದ್ದರೆ ಅದರ ಮೇಲೆ ನಡೆಯಲೂ ಬಾರದು, ಆಗ ಮೂಡಿದ ಹೆಜ್ಜೆ ವರ್ಷಗಟ್ಟಲೆ ಅಳಿಯುವುದಿಲ್ಲ. ಬಿಡುವ ಜಾಗವಾದರೆ ಮೊದಲು ಗಾಡಿ ಅಂಚಿನಲ್ಲೇ ನಿಲ್ಲಿಸಿ ನಡೆದು ನೋಡಬೇಕು. ಬಿರುಕು ಬಿಟ್ಟು ಹೆಂಚಿನಂತೆ ಗಟ್ಟಿಯಾಗಿದ್ದು, ಹಿಮ್ಮಡಿಯಿಂದ ಗುದ್ದಿದರೂ ಒಳಕ್ಕೆ ಹೋಗದಿದ್ದರೆ ಆ ಭಾಗ ಒಣಗಿದೆ. ಬಣ್ಣ ಕಪ್ಪಾಗಿ ಕಂಡ ಕಡೆ ಒಳಗೆ ತೇವವಿದೆ. ಬೆಳ್ಳಗೆ ಉಬ್ಬಿ, ಕಾಲಿಟ್ಟರೆ ಕರಕರ ಕುಸಿಯುವ ಉಪ್ಪಿನ ಹೆಪ್ಪು ಎಲ್ಲಕ್ಕಿಂತ ಅಪಾಯದ್ದು, ಅದರ ಅಡಿಯಲ್ಲಿ ಸಾಮಾನ್ಯವಾಗಿ ಕೆಸರೇ ಇರುತ್ತದೆ. ಅಂಚು ಒಣಗಿದೆ ಎಂದು ನಡುಭಾಗವೂ ಒಣಗಿದೆ ಎಂದುಕೊಳ್ಳಬೇಡಿ. ನೀರು ಕೊನೆಗೆ ಉಳಿಯುವುದು ಎಲ್ಲಕ್ಕಿಂತ ತಗ್ಗಿನಲ್ಲಿ. ಮಳೆ ಹನಿ ಕಂಡರೆ ಆಗಲೇ ಹೊರಡಬೇಕು, ಸಿಕ್ಕಿಬಿದ್ದ ಮೇಲಾದರೆ ಎಂಜಿನ್ ಆರಿಸಿ ನೆಲ ಒಣಗುವವರೆಗೆ ಕಾಯುವುದೇ ದಾರಿ. ಚಕ್ರ ತಿರುಗಿಸಿದಷ್ಟೂ ಗಾಡಿ ಹೂತುಹೋಗುತ್ತದೆ.

ಉಬ್ಬಿದ ಉಪ್ಪಿನ ಹೆಪ್ಪು ಯಾಕೆ ಹಾಗಾಗುತ್ತದೆ ಎಂದು ನಮ್ಮ ತುಂಗಭದ್ರಾ ಅಚ್ಚುಕಟ್ಟಿನ ರೈತರಿಗೆ ಹೇಳಬೇಕಿಲ್ಲ. ಅದು ಸವಳು. ಅಂತರ್ಜಲ ಮೇಲ್ಮೈಗೆ ಹತ್ತಿರವಿದ್ದರೆ ನೀರು ಮಣ್ಣಿನ ಸಣ್ಣ ಸಂದುಗಳಲ್ಲಿ ಮೇಲಕ್ಕೇರಿ, ಆವಿಯಾಗಿ, ಉಪ್ಪನ್ನು ಬಿಟ್ಟು ಹೋಗುತ್ತದೆ. ಕ್ಯಾಲಿಫೋರ್ನಿಯಾದ ಓವೆನ್ಸ್ ಸರೋವರದಲ್ಲಿ ಇದು ಮನುಷ್ಯರ ಉಸಿರಿಗೇ ಬಂತು. ಲಾಸ್ ಏಂಜಲಿಸ್ ನಗರ 1913ರಲ್ಲಿ ಕಾಲುವೆ ತೆರೆದು ಓವೆನ್ಸ್ ನದಿಯ ನೀರನ್ನು ಒಯ್ದಿತು, 1920ರ ದಶಕ ಮುಗಿಯುವ ಮೊದಲೇ ಸರೋವರ ಒಣಗಿತು. ಉಳಿದ ತಳದಲ್ಲಿ ಸೋಡಿಯಂ ಕಾರ್ಬೊನೇಟ್, ಸಲ್ಫೇಟ್ ತುಂಬಿದ್ದವು. ಚಳಿಗಾಲದಲ್ಲಿ ಈ ಉಪ್ಪುಗಳು ನೀರನ್ನು ಸೇರಿಸಿಕೊಂಡು ಹರಳಾಗಿ ಹಿಗ್ಗುತ್ತವೆ, ನೆಲದ ಹೆಪ್ಪನ್ನು ಎತ್ತಿ ಒಡೆಯುತ್ತವೆ. ಆಮೇಲೆ ಬಿಸಿಲಿಗೆ ನೀರು ಬಿಟ್ಟು ಹಿಟ್ಟಾಗುತ್ತವೆ. ಗಾಳಿ ಆ ಹಿಟ್ಟನ್ನು ಎತ್ತಿತೆಂದರೆ ಶ್ವಾಸಕೋಶಕ್ಕೆ ಇಳಿಯುವಷ್ಟು ಸಣ್ಣ ಧೂಳು. ಅಮೆರಿಕದಲ್ಲೇ ಒಂದೇ ಜಾಗದಿಂದ ಏಳುವ ಇಂಥ ಧೂಳಿಗೆ ಓವೆನ್ಸ್ ಅತಿ ದೊಡ್ಡ ಮೂಲವಾಯಿತು. ಕೊನೆಗೆ 2001ರಿಂದ ನಗರವೇ ನೀರನ್ನು ವಾಪಸು ಬಿಟ್ಟು ತಳವನ್ನು ತೆಳುವಾಗಿ ತೋಯಿಸಬೇಕಾಯಿತು. ಕೆಲವು ಭಾಗದಲ್ಲಿ ಹನಿ ನೀರಾವರಿಯಿಂದ ಉಪ್ಪು ತಾಳುವ ಹುಲ್ಲು ಬೆಳೆಸಬೇಕಾಯಿತು, ಕೆಲವು ಕಡೆ ಜಲ್ಲಿ ಹಾಸಬೇಕಾಯಿತು. ಜಲ್ಲಿಯ ನಡುವಿನ ಸಂದು ದೊಡ್ಡದಿರುವುದರಿಂದ ಉಪ್ಪುನೀರು ಅದನ್ನು ಹತ್ತಿ ಮೇಲೆ ಬರಲಾರದು, ಅದಕ್ಕೇ ಅದು ಕೆಲಸ ಮಾಡುತ್ತದೆ. ಇದಕ್ಕೆಲ್ಲ ಆದ ಖರ್ಚು 200 ಕೋಟಿ ಡಾಲರಿಗೂ ಮಿಕ್ಕಿದ್ದು. ಬರಡು ನೆಲವೆಂದು ಲೆಕ್ಕಕ್ಕೆ ಬಿಟ್ಟ ಪ್ಲಾಯಾ ತನ್ನ ಮೇಲಿದ್ದ ನೀರಿನ ಬೆಲೆಯನ್ನು ಹೀಗೆ ವಸೂಲಿ ಮಾಡಿತು.

ಇನ್ನು ಟೆಕ್ಸಾಸಿನ ಕಡೆಗೆ ಬರೋಣ. ಅಲ್ಲಿನ ಪಶ್ಚಿಮದ ಎತ್ತರದ ಬಯಲಿಗೂ ಸ್ಪ್ಯಾನಿಷ್ ಹೆಸರೇ, ಯಾನೊ ಎಸ್ತಕಾದೊ. ನದಿಯಿಲ್ಲದ ಆ ಸಪಾಟು ಬಯಲಿನಲ್ಲಿ ಸುಮಾರು 20,000 ದುಂಡನೆಯ ತಗ್ಗುಗಳಿವೆ. ಹೆಚ್ಚಿನವು ಒಂದು ಮೀಟರಿಗಿಂತ ಆಳವಿಲ್ಲ, ಸರಾಸರಿ ವಿಸ್ತಾರ ಹದಿನಾರು ಹದಿನೇಳು ಎಕರೆ. ಸುತ್ತಲ ಹೊಲಗಳಲ್ಲಿ ಬಿದ್ದ ಮಳೆಯೆಲ್ಲ ತನ್ನ ತನ್ನ ತಗ್ಗಿಗೇ ಹರಿದು ಸೇರುತ್ತದೆ. ಇವೂ ಪ್ಲಾಯಾಗಳು, ಆದರೆ ಇವುಗಳಲ್ಲಿ ಉಪ್ಪಿಲ್ಲ, ನೀರು ಸಿಹಿ. ನೀರು ಬರೀ ಆವಿಯಾಗಿ ಹೋಗುತ್ತಿದ್ದರೆ ಇಷ್ಟು ಕಾಲದಲ್ಲಿ ಉಪ್ಪು ಕಟ್ಟಲೇಬೇಕಿತ್ತು. ಕಟ್ಟಿಲ್ಲವೆಂದರೆ ನೀರು ಕೆಳಕ್ಕೆ ಇಳಿಯುತ್ತಿದೆ ಎಂದೇ ಅರ್ಥ. ಇಳಿಯುವುದು ಒಗಲಾಲಾ ಎಂಬ ಅಂತರ್ಜಲದ ಪದರಕ್ಕೆ. ಎಂಟು ರಾಜ್ಯಗಳ ಅಡಿಯಲ್ಲಿ ಹಬ್ಬಿರುವ ಆ ಪದರದಿಂದಲೇ ಅಲ್ಲಿನ ಹತ್ತಿ, ಜೋಳ, ಮೆಕ್ಕೆಜೋಳಕ್ಕೆ ನೀರು. ಅದರಿಂದ ಮೇಲೆತ್ತುವುದು ಒಳಗಿಳಿಯುವುದಕ್ಕಿಂತ ಎಷ್ಟೋ ಹೆಚ್ಚು. ಆ ಪದರದ ದಕ್ಷಿಣ ಭಾಗಕ್ಕೆ ನೀರು ಮತ್ತೆ ತುಂಬುವ ಮುಖ್ಯ ಬಾಗಿಲು ಈ ತಗ್ಗುಗಳೇ.

ತಳದ ಮಣ್ಣಿಗೆ ಅಲ್ಲಿನವರು ಇಟ್ಟ ಹೆಸರು ರ‍್ಯಾಂಡಲ್ ಜೇಡಿ. ಮಣ್ಣು ವಿಜ್ಞಾನಿಗಳು ಅದನ್ನು ವರ್ಟಿಸಾಲ್ ಗುಂಪಿಗೆ ಸೇರಿಸುತ್ತಾರೆ, ಗದಗ, ಧಾರವಾಡ, ವಿಜಯಪುರದ ನಮ್ಮ ಎರೆಮಣ್ಣೂ ಅದೇ ಗುಂಪಿನದು. ಬೇಸಿಗೆಯಲ್ಲಿ ಎರೆಹೊಲದ ಬಿರುಕು ಕಂಡವರಿಗೆ ಟೆಕ್ಸಾಸಿನ ಪ್ಲಾಯಾ ಹೇಗೆ ಕೆಲಸ ಮಾಡುತ್ತದೆಂದು ಕೂಡಲೇ ಹೊಳೆಯುತ್ತದೆ. ಒಣಗಿದ ತಳ ಆಳಕ್ಕೆ ಸೀಳುತ್ತದೆ. ಮೊದಲ ದೊಡ್ಡ ಮಳೆಯ ನೀರು ಆ ಬಿರುಕುಗಳಲ್ಲಿ ಧುಮ್ಮಿಕ್ಕಿ, ಗಿಡದ ಬೇರಿಗೂ ಬಿಸಿಲಿಗೂ ಸಿಗದ ಆಳಕ್ಕೆ ಹೋಗುತ್ತದೆ. ಆಮೇಲೆ ಜೇಡಿ ಉಬ್ಬಿ ಬಿರುಕು ಮುಚ್ಚುತ್ತದೆ, ತಗ್ಗು ಕೆರೆಯಾಗಿ ನಿಲ್ಲುತ್ತದೆ. ಅನಂತರದ ನೀರು ಜೇಡಿ ತೆಳುವಾಗಿರುವ ಅಂಚುಗಳಲ್ಲಿ ನಿಧಾನವಾಗಿ ಇಳಿಯುತ್ತದೆ. ಆ ಹೊತ್ತಿಗೆ ಕೆಸರಿನಲ್ಲಿ ಕಾದಿದ್ದ ಸಣ್ಣ ಸಿಗಡಿಗಳ ಮೊಟ್ಟೆ ಒಡೆಯುತ್ತವೆ, ಕಪ್ಪೆಗಳು ಹೊರಬರುತ್ತವೆ, ಚಳಿಗಾಲಕ್ಕೆ ಬಾತುಗಳೂ ಸ್ಯಾಂಡ್‌ಹಿಲ್ ಕ್ರೌಂಚಗಳೂ ಇಳಿಯುತ್ತವೆ. ಹಾಗಾಗಿ ಪ್ಲಾಯಾ ಒಣಗಿತು ಎಂದರೆ ಕೆಟ್ಟಿತು ಎಂದಲ್ಲ. ಒಣಗದಿದ್ದರೆ ಬಿರುಕಿಲ್ಲ, ಬಿರುಕಿಲ್ಲದಿದ್ದರೆ ಮುಂದಿನ ಮಳೆಯ ಮೊದಲ ನೀರು ಒಳಗೆ ಹೋಗುವುದಿಲ್ಲ.

ಇದನ್ನು ಕೆಡಿಸಿದ್ದು ಎರಡು ಕೆಲಸ. ಒಂದು, ಮಳೆನೀರು ಹರಡಿ ಹೋಗದಿರಲೆಂದು ತಳದ ನಡುವೆ ಆಳದ ಗುಂಡಿ ತೋಡಿದ್ದು. ನೀರೆಲ್ಲ ಗುಂಡಿಗೇ ಸೇರಿತು, ಉಳಿದ ತಳ ತೋಯುವುದೇ ನಿಂತಿತು. ಇನ್ನೊಂದು ಹೂಳು, ಇದೇ ಹೆಚ್ಚಿನದು. ಸುತ್ತಲ ಹೊಲವನ್ನು ಅಂಚಿನವರೆಗೆ ಉತ್ತಾಗ ಕೊಚ್ಚಿ ಬಂದ ಮಣ್ಣು ಜೇಡಿಯ ಮೇಲೆ ಕೂತು ಬಿರುಕು ತೆರೆಯದಂತೆ ಮಾಡುತ್ತದೆ. ತಗ್ಗು ತುಂಬಿದಷ್ಟೂ ನೀರು ಅಗಲಕ್ಕೆ ಹರಡಿ ತೆಳುವಾಗುತ್ತದೆ. ಮಳೆಗಿಂತ ಆವಿ ಮೂರ್ನಾಲ್ಕು ಪಟ್ಟಿರುವ ನಾಡಿನಲ್ಲಿ ತೆಳು ನೀರು ನಿಲ್ಲುವುದಾದರೂ ಎಷ್ಟು ದಿನ?

ಸರಿಪಡಿಸುವ ಕ್ರಮವೂ ಅಲ್ಲಿನವರಿಗೆ ಗೊತ್ತಿದೆ. ಮೊದಲು ಸುತ್ತ ‘ಬಫೆಲೊ’, ‘ಗ್ರಾಮಾ’ ಎಂಬ ಹುಲ್ಲುಗಳಂಥ, ಆ ನೆಲದ್ದೇ ಆದ ಗಿಡ್ಡ ಹುಲ್ಲಿನ ಪಟ್ಟಿ ಬೆಳೆಸಬೇಕು, ಇಲ್ಲವಾದರೆ ತೆಗೆದ ಹೂಳು ಮತ್ತೆ ಬಂದು ಕೂರುತ್ತದೆ. ಆ ಪಟ್ಟಿಯಲ್ಲಿ ಎತ್ತರಕ್ಕೆ ದಟ್ಟವಾಗಿ ಬೆಳೆಯುವ ಹೊರಗಿನ ಹುಲ್ಲು ಹಾಕಬಾರದು. ಅದು ಮಣ್ಣಿನ ಜೊತೆ ಪ್ಲಾಯಾಕ್ಕೆ ಬರಬೇಕಾದ ನೀರನ್ನೂ ತಡೆಯುತ್ತದೆ. ಗುಂಡಿಯಿದ್ದರೆ, ಅದನ್ನು ತೋಡಿದಾಗ ಪಕ್ಕದಲ್ಲಿ ರಾಶಿ ಹಾಕಿದ ಅದೇ ಜೇಡಿಯಿಂದ ಮುಚ್ಚಬೇಕು. ಹೂಳೆತ್ತುವಾಗ ಮೊದಲು ಅಲ್ಲಲ್ಲಿ ತೋಡಿ ನೋಡಬೇಕು. ಮೇಲಿನ ಹೂಳು ಕಂದು, ಸಡಿಲ. ಅಡಿಯ ಜೇಡಿ ಕಡುಬೂದು, ಬಿಗಿ, ಒದ್ದೆಯಾದರೆ ಬೆರಳಿಗೆ ಮೆತ್ತುತ್ತದೆ. ಬಣ್ಣ ಬದಲಾದ ಕಡೆ ಯಂತ್ರ ನಿಲ್ಲಬೇಕು. ಅದನ್ನೂ ಕೆರೆದು ಜೇಡಿಯನ್ನು ತೂತು ಮಾಡಿದರೆ ನೀರು ನಿಲ್ಲುವ ತಳವೇ ಹೋಗುತ್ತದೆ, ಹಕ್ಕಿಗೂ ಕಪ್ಪೆಗೂ ಅಲ್ಲಿ ಕೆರೆ ಸಿಗುವುದಿಲ್ಲ.

ನಮಸ್ಕಾರ.